ಒನ್‌ಲೈನಿನಿಂದ ಡಬ್ಬಿಂಗ್ ತನಕ: ಸಿನಿಮಾ ಮನೆಯಿಂದ ಬಂದ ಬರಹಗಾರರ ಕೆಲಸ

ಚಿ. ಸದಾಶಿವಯ್ಯನವರು ಸಿನಿಮಾಕ್ಕೆ ಬರೆಯುತ್ತಿದ್ದರು. ಮಗ ಚಿ. ಉದಯಶಂಕರ್ ಸಂಭಾಷಣೆ, ಗೀತೆ ಎರಡನ್ನೂ ಬರೆದರು. 1993ರಲ್ಲಿ ತೀರಿಕೊಳ್ಳುವವರೆಗೂ ಡಾ. ರಾಜ್‌ಕುಮಾರ್ ಚಿತ್ರಗಳ ಮಾತಿಗೆ ಅವರೇ ಆಧಾರ. ಸಹೋದರ ಚಿ. ದತ್ತರಾಜ್ ನಿರ್ದೇಶಕರಾದರು, ಮಗ ಚಿ. ಗುರುದತ್ ನಟನೆಗೂ ನಿರ್ದೇಶನಕ್ಕೂ ಬಂದರು. ಪುಟ್ಟಣ್ಣ ಕಣಗಾಲರ ಸಹೋದರ ಕಣಗಾಲ್ ಪ್ರಭಾಕರ ಶಾಸ್ತ್ರಿಗಳೂ ಬರಹಗಾರರೇ. ಇಂಥ ಮನೆಗಳಲ್ಲಿ ಬೆಳೆದು ಬರವಣಿಗೆಗೆ ಇಳಿದ ನಮ್ಮಂಥವರನ್ನು ಕಂಡರೆ ಹೊರಗಿನವರು ಮೊದಲು ಹೇಳುವ ಮಾತು, ‘ನಿಮಗೇನು ಬಿಡಿ, ಕಾಂಟ್ಯಾಕ್ಟ್ ಇದೆ’ ಎಂದು. ಕಾಂಟ್ಯಾಕ್ಟಿನಿಂದ ಒಂದು ಸಲ ಕಥೆ ಹೇಳಲು ಸಮಯ ಸಿಗುತ್ತದೆ, ಅಷ್ಟೇ. ಮನೆಯಿಂದ ನಮಗೆ ನಿಜವಾಗಿ ದಕ್ಕುವುದು, ಬರೆದ ಹಾಳೆ ನಮ್ಮ ಮೇಜು ಬಿಟ್ಟ ಮೇಲೆ ಯಾರ್ಯಾರ ಕೈಗೆ ಹೋಗುತ್ತದೆ, ಅವರು ಅದರಲ್ಲಿ ಏನು ಹುಡುಕುತ್ತಾರೆ ಎಂಬ ತಿಳಿವಳಿಕೆ. ಕಾಸ್ಟ್ಯೂಮಿನವರು ಪಾತ್ರ ಯಾವ ದಿನದಲ್ಲಿದೆ ಎಂದು ನೋಡುತ್ತಾರೆ. ಪ್ರೊಡಕ್ಷನ್ ಮ್ಯಾನೇಜರ್ ಎಷ್ಟು ಜನ ಜೂನಿಯರ್ ಆರ್ಟಿಸ್ಟ್ ಬೇಕು ಎಂದು ನೋಡುತ್ತಾರೆ. ಛಾಯಾಗ್ರಾಹಕರಿಗೆ ಹಗಲೋ ರಾತ್ರಿಯೋ ಎಂಬುದು ಮೊದಲು ಬೇಕು. ಇದನ್ನು ಹೊರಗಿನಿಂದ ಬಂದವರೂ ಕಲಿಯಬಹುದು. ಆ ಕೆಲಸ ನಾವು ಮಾಡುವ ಕ್ರಮದಲ್ಲೇ ಬರೆಯುತ್ತೇನೆ.

ಮೊದಲು ಲೆಕ್ಕ. ಚಿತ್ರ 2 ಗಂಟೆ 20 ನಿಮಿಷ ಎಂದುಕೊಳ್ಳಿ, ಅಂದರೆ 140 ನಿಮಿಷ. ಐದು ಹಾಡು, ತಲಾ 4 ನಿಮಿಷದಂತೆ 20. ಮೂರು ಫೈಟು, ತಲಾ 5ರಂತೆ 15. ಉಳಿಯುವುದು 105 ನಿಮಿಷ. ಒಂದು ಸೀನಿಗೆ ಸರಾಸರಿ ಒಂದೂವರೆ ನಿಮಿಷ ಹಿಡಿದರೆ ನಮ್ಮ ಕೈಯಲ್ಲಿರುವುದು 70 ಸೀನು. ಹೊಸಬರು ತರುವ ಎಷ್ಟೋ ಕಥೆಗಳಲ್ಲಿ 110, 120 ಸೀನಿರುತ್ತವೆ. ಅದನ್ನೆಲ್ಲ ಶೂಟ್ ಮಾಡಿದರೆ ಎಡಿಟಿಂಗ್ ಟೇಬಲ್ಲಿನಲ್ಲಿ ಮೂರೂವರೆ ಗಂಟೆ ಬರುತ್ತದೆ. ಕತ್ತರಿಸುವಾಗ ಮೊದಲು ಹೋಗುವುದು ಪಾತ್ರಗಳ ಪರಿಚಯದ ಸಣ್ಣ ಸೀನುಗಳು. ಆಮೇಲೆ ಪಾತ್ರ ಯಾಕೆ ಹಾಗೆ ನಡೆದುಕೊಂಡಿತು ಎಂದು ಯಾರಿಗೂ ಅರ್ಥವಾಗುವುದಿಲ್ಲ. ಎಡಿಟರ್ ಹಾಳು ಮಾಡಿದರು ಎನ್ನುತ್ತಾರೆ. ತಪ್ಪು ಆಗಿರುವುದು ಒನ್‌ಲೈನಿನಲ್ಲಿ.

ಒನ್‌ಲೈನ್ ಅಂದರೆ ಸೀನ್ ಆರ್ಡರ್. ಒಂದೊಂದು ಸೀನಿಗೆ ಎರಡೇ ಸಾಲು: ಎಲ್ಲಿ, ಯಾರು, ಏನು ಬದಲಾಯಿತು. ಕೊನೆಯದಕ್ಕೆ ಉತ್ತರವಿಲ್ಲದ ಸೀನನ್ನು ಪಕ್ಕದ ಸೀನಿನೊಳಗೆ ಸೇರಿಸುತ್ತೇವೆ, ಇಲ್ಲವೇ ತೆಗೆಯುತ್ತೇವೆ. ಬರೆಯುವುದು ಮೊದಲಿನಿಂದಲ್ಲ. ಇಂಟರ್‌ವಲ್ ಬ್ಲಾಕ್, ಅಂದರೆ ಮಧ್ಯಂತರಕ್ಕೆ ತಂದು ನಿಲ್ಲಿಸುವ ಸೀನುಗಳು, ಮೊದಲು ಗಟ್ಟಿಯಾಗಬೇಕು, ಆಮೇಲೆ ಕ್ಲೈಮ್ಯಾಕ್ಸ್, ಆಮೇಲೆ ಓಪನಿಂಗ್. ಇಂಟರ್‌ವಲ್ 35ನೇ ಸೀನಿನ ಆಸುಪಾಸು ಬೀಳಬೇಕು.

‘ಸೆಕೆಂಡ್ ಹಾಫ್ ಲ್ಯಾಗ್’ ಎಂಬ ದೂರು ಪ್ರತಿ ಶುಕ್ರವಾರ ಕೇಳುತ್ತೀರಿ. ಅದರ ಕಾರಣ ಸಾಮಾನ್ಯವಾಗಿ ಸೆಕೆಂಡ್ ಹಾಫಿನಲ್ಲಿ ಇರುವುದಿಲ್ಲ. ಇಂಟರ್‌ವಲ್ಲಿನಲ್ಲಿ ಎದ್ದ ಪ್ರಶ್ನೆ ತೀರಾ ಸಣ್ಣದಾಗಿದ್ದರೆ ಪ್ರೇಕ್ಷಕರು ಕ್ಯಾಂಟೀನಿನಿಂದ ವಾಪಸ್ ಬರುವಷ್ಟರಲ್ಲೇ ಉತ್ತರ ಊಹಿಸಿರುತ್ತಾರೆ. ಇನ್ನೊಂದು ಕಾರಣ, ಇಂಟರ್‌ವಲ್ ಆದ ಕೂಡಲೇ ಇಪ್ಪತ್ತು ನಿಮಿಷದ ಫ್ಲ್ಯಾಶ್‌ಬ್ಯಾಕ್ ಇಡುವ ಅಭ್ಯಾಸ. ಈಗಿನ ಕಥೆ ಅಷ್ಟು ಹೊತ್ತು ನಿಂತಲ್ಲೇ ನಿಂತಿರುತ್ತದೆ. ಫ್ಲ್ಯಾಶ್‌ಬ್ಯಾಕ್ ಬೇಕೇಬೇಕು ಎಂದರೆ ಅದನ್ನು ಎರಡಾಗಿ ಒಡೆದು, ಮೊದಲ ಅರ್ಧವನ್ನು ಇಂಟರ್‌ವಲ್‌ಗೆ ಮುಂಚೆಯೇ ಹೇಳಿ, ನೋಡುವವರಿಗೆ ಗೊತ್ತಿಲ್ಲದ ಒಂದೇ ಒಂದು ಸಂಗತಿಯನ್ನು ಎರಡನೇ ಅರ್ಧಕ್ಕೆ ಉಳಿಸಿಕೊಳ್ಳುವುದು ಮೇಲು.

ಕನ್ನಡದಲ್ಲಿ ಕಾದಂಬರಿಯಿಂದ ಚಿತ್ರ ಮಾಡುವ ಪರಂಪರೆ ದೊಡ್ಡದು. ತ್ರಿವೇಣಿ, ಎಂ.ಕೆ. ಇಂದಿರಾ, ವಾಣಿ, ವಿಶಾಲಾಕ್ಷಿ ದಕ್ಷಿಣಾಮೂರ್ತಿ, ಟಿ.ಕೆ. ರಾಮರಾವ್, ತರಾಸು ಇವರೆಲ್ಲರ ಕಾದಂಬರಿಗಳು ತೆರೆಗೆ ಬಂದಿವೆ. ರಾಜ್‌ಕುಮಾರ್ ಅವರ ಮನೆಯಲ್ಲಿ ಕಥೆ ಆರಿಸುವ ಹೊಣೆ ಹೊತ್ತವರು ಅವರ ತಮ್ಮ ವರದರಾಜು. ಓದಿ, ಕೇಳಿ, ಚರ್ಚಿಸಿ ಕಥೆ ಆಯ್ಕೆ ಮಾಡುವ ಒಬ್ಬ ಮನುಷ್ಯ ಮನೆಯಲ್ಲಿದ್ದುದೇ ಆ ಚಿತ್ರಗಳ ಗುಣಮಟ್ಟಕ್ಕೆ ಒಂದು ಮುಖ್ಯ ಕಾರಣ ಎಂದು ನಾನು ಬಲವಾಗಿ ನಂಬುತ್ತೇನೆ. ಇವತ್ತು ಎಷ್ಟೋ ಬ್ಯಾನರ್‌ಗಳಲ್ಲಿ ಆ ಕುರ್ಚಿ ಖಾಲಿ ಇದೆ.

ಕಾದಂಬರಿಯನ್ನು ಇಳಿಸುವಾಗ ಒಂದು ಪುಸ್ತಕಕ್ಕೆ ಒಂದು ಸಿನಿಮಾ ಎಂಬ ನಿಯಮವೇನಿಲ್ಲ. 1972ರ ‘ನಾಗರಹಾವು’ ತರಾಸು ಅವರ ಮೂರು ಕಾದಂಬರಿಗಳನ್ನು ಸೇರಿಸಿ ಮಾಡಿದ ಚಿತ್ರ. ನಾವು ಮಾಡುವುದು ಹೀಗೆ: ಪುಸ್ತಕವನ್ನು ಮೊದಲ ಸಲ ಸುಮ್ಮನೆ ಓದುತ್ತೇವೆ. ಎರಡನೇ ಸಲ ಮೂರು ಬಣ್ಣದ ಪೆನ್ಸಿಲ್ ಹಿಡಿದು, ಕಣ್ಣಿಗೆ ಕಾಣುವ ಕ್ರಿಯೆಗೆ ಒಂದು, ಪಾತ್ರ ಬಾಯಿಬಿಟ್ಟು ಆಡಿದ ಮಾತಿಗೆ ಒಂದು, ಲೇಖಕರು ತಾವೇ ಹೇಳಿದ ಮನಸ್ಸಿನ ವಿವರಕ್ಕೆ ಒಂದು ಬಣ್ಣ ಬಳಿಯುತ್ತೇವೆ. ಮೂರನೆಯದೇ ಪುಸ್ತಕದ ಅರ್ಧಕ್ಕಿಂತ ಹೆಚ್ಚಿರುತ್ತದೆ, ಕೆಲಸ ಇರುವುದೂ ಅಲ್ಲೇ. ಒಂದು ಉದಾಹರಣೆ ಕಟ್ಟಿ ಹೇಳುತ್ತೇನೆ. ‘ಅಣ್ಣ ತನಗೆ ತಿಳಿಸದೆ ಹೊಲ ಮಾರಿದ್ದಾನೆಂದು ಅವಳಿಗೆ ಹೊಳೆಯಿತು, ಎದೆ ಒಡೆದಂತಾಯಿತು’ ಎಂಬ ವಾಕ್ಯ ಪುಸ್ತಕದಲ್ಲಿದೆ ಎನ್ನಿ. ಹೊಸಬರು ತಂಗಿಯ ಬಾಯಲ್ಲಿ ‘ಅಣ್ಣಾ, ನಂಗೆ ಒಂದು ಮಾತೂ ಹೇಳದೆ ಹೊಲ ಮಾರಿಬಿಟ್ಯಾ?’ ಎಂದು ಬರೆಯುತ್ತಾರೆ. ಅದು ಸುದ್ದಿ ಆಯಿತು, ಸೀನು ಆಗಲಿಲ್ಲ. ಅದರ ಬದಲು ಊಟಕ್ಕೆ ಕೂರಿಸಿ. ತಂಗಿ ಮುದ್ದೆ ಬಡಿಸುತ್ತಾ ಕೇಳುತ್ತಾಳೆ:

‘ಈ ಸಲ ರಾಗಿ ಎಷ್ಟು ಪಲ್ಲ ಆಗ್ಬೋದಣ್ಣ?’

ಅವನು ತಲೆ ಎತ್ತದೆ, ‘ಅಂಗಡಿಯಿಂದ ತರಿಸಿದ್ರಾಯ್ತು ಬಿಡವ್ವ.’

ಬಡಿಸುವ ಕೈ ನಿಂತರೆ ಸಾಕು. ಹೊಲ, ಮಾರಾಟ, ಮೋಸ ಎಂಬ ಯಾವ ಪದವೂ ಬೇಕಾಗಿಲ್ಲ. ಇಡೀ ಸೀನು 40 ಸೆಕೆಂಡು. ‘ಪಲ್ಲ’ ಎಂಬ ಒಂದು ಅಳತೆ ಊರು ಯಾವ ಕಡೆಯದು ಎಂಬುದನ್ನೂ ಹೇಳಿಬಿಡುತ್ತದೆ. ಇದೇ ಸೀನು ಧಾರವಾಡದ ಕಡೆಗೆ ಹೋದರೆ ಮುದ್ದೆಯ ಜಾಗಕ್ಕೆ ಜೋಳದ ರೊಟ್ಟಿ ಬರುತ್ತದೆ, ‘ಜ್ವಾಳ ಎಷ್ಟ ಚೀಲ ಆಗ್ಬಹುದೋ ಅಣ್ಣಾ’ ಎಂದಾಗುತ್ತದೆ, ಅಣ್ಣನ ಉತ್ತರದ ಉದ್ದವೂ ಬದಲಾಗುತ್ತದೆ. ಬೆಂಗಳೂರಿನಲ್ಲಿ ಕೂತು ಬರೆದ ಮಾತಿಗೆ ಆಮೇಲೆ ‘ಸ್ಲ್ಯಾಂಗ್ ಹಾಕಿಸುತ್ತೇವೆ’ ಎನ್ನುವುದು ಕೆಲಸಕ್ಕೆ ಬಾರದ ಮಾತು. ಆ ಕಡೆಯವರನ್ನು ಮೊದಲ ಡ್ರಾಫ್ಟಿನಲ್ಲೇ ಜೊತೆಗೆ ಕೂರಿಸಿಕೊಳ್ಳಬೇಕು. ವಾಕ್ಯದ ಲಯ ಬದಲಾದರೆ ಸೀನಿನ ಅವಧಿಯೂ ಬದಲಾಗುತ್ತದೆ.

ಅವಧಿಯ ವಿಷಯಕ್ಕೆ ಬಂದರೆ, ಇಂಗ್ಲಿಷ್ ಸ್ಕ್ರಿಪ್ಟಿಗೆ ‘ಒಂದು ಪುಟ ಒಂದು ನಿಮಿಷ’ ಎಂಬ ಲೆಕ್ಕವಿದೆ. ಅದು ಆ ಭಾಷೆಯ ಟೈಪ್‌ರೈಟರ್ ಅಕ್ಷರದ ಅಗಲ, ಅಂಚಿನ ಜಾಗ ಎಲ್ಲ ಕೂಡಿ ಆದ ಲೆಕ್ಕ. ಕನ್ನಡದಲ್ಲಿ, ಅದರಲ್ಲೂ ಹಾಳೆಯನ್ನು ಉದ್ದಕ್ಕೆ ಎರಡು ಭಾಗ ಮಾಡಿ ಎಡಕ್ಕೆ ದೃಶ್ಯ, ಬಲಕ್ಕೆ ಮಾತು ಬರೆಯುವ ನಮ್ಮ ಹಳೆಯ ಪದ್ಧತಿಯಲ್ಲಿ, ಅದು ಹೊಂದುವುದಿಲ್ಲ. ನಾವು ಪ್ರತಿ ಸೀನನ್ನೂ ಗಟ್ಟಿಯಾಗಿ ಓದಿ, ನಡುವೆ ನಡೆಯುವ, ಕೂರುವ, ಬಾಗಿಲು ತೆರೆಯುವ ಹೊತ್ತನ್ನೂ ಸೇರಿಸಿ, ಮೊಬೈಲಿನ ಸ್ಟಾಪ್‌ವಾಚ್ ನೋಡಿ ಸೀನಿನ ತಲೆಯ ಮೇಲೆ ಸಮಯ ಬರೆಯುತ್ತೇವೆ. ಬಾಯಲ್ಲಿ ಹೊರಳದ ವಾಕ್ಯ ಆಗಲೇ ಸಿಕ್ಕಿಬೀಳುತ್ತದೆ. ಟೈಪ್ ಮಾಡುವುದು ಯೂನಿಕೋಡಿನಲ್ಲೇ ಆಗಬೇಕು. ಹಳೆಯ ಫಾಂಟಿನಲ್ಲಿ ಟೈಪ್ ಮಾಡಿದ್ದು ಸಹಾಯಕ ನಿರ್ದೇಶಕರ ಲ್ಯಾಪ್‌ಟಾಪಿನಲ್ಲಿ ಗೀಚಿದಂತೆ ತೆರೆದುಕೊಳ್ಳುತ್ತದೆ. ಕಳಿಸುವುದು ಪಿಡಿಎಫ್ ಆಗಿ.

ಡೈಲಾಗ್ ವರ್ಷನ್ (ಮಾತುಗಳನ್ನೂ ಸೇರಿಸಿ ಬರೆದ ಪೂರ್ತಿ ಸ್ಕ್ರಿಪ್ಟ್) ಮುಗಿದ ಮೇಲೆ ಖರ್ಚಿನ ಕಣ್ಣಿನಿಂದ ಇನ್ನೊಮ್ಮೆ ಓದುತ್ತೇವೆ. ಸಿನಿಮಾ ಮನೆಯವರಿಗೆ ಇದು ಸಲೀಸು, ಊಟದ ಹೊತ್ತಿನಲ್ಲೇ ಕಾಲ್‌ಶೀಟಿನ, ಅಂದರೆ ನಟರು ಕೊಡುವ ದಿನಗಳ, ಮಾತು ಕೇಳಿರುತ್ತೇವೆ. 70 ಸೀನಿಗೆ 28 ಲೊಕೇಷನ್ ಇದ್ದರೆ ಯೂನಿಟ್ಟಿನ ಅರ್ಧ ದಿನಗಳು ಗಾಡಿಯಲ್ಲೇ ಕಳೆಯುತ್ತವೆ. ಮುಖ್ಯ ಲೊಕೇಷನ್ 12ರ ಒಳಗೆ ತಂದರೆ ಕಥೆಗೆ ಏನೂ ನಷ್ಟವಾಗದು. ವಕೀಲರ ಆಫೀಸಿನ ಮಾತುಕತೆ ಕೋರ್ಟಿನ ಹೊರಗಿನ ಟೀ ಅಂಗಡಿಯಲ್ಲಿ ನಡೆದರೆ ಎಷ್ಟೋ ಸಲ ಇನ್ನೂ ಜೀವಂತವಾಗಿರುತ್ತದೆ. ಹಿರಿಯ ಪೋಷಕ ನಟರ ಪಾತ್ರಕ್ಕೆ 9 ಸೀನು ಇದ್ದು, ಅವು ನಾಲ್ಕು ಲೊಕೇಷನ್ನಿನಲ್ಲಿ ಚೆಲ್ಲಿಹೋಗಿದ್ದರೆ ಕಾಲ್‌ಶೀಟ್ ಹೊಂದಿಸುವುದೇ ಕಷ್ಟ. ಎರಡೇ ಲೊಕೇಷನ್ನಿಗೆ ತಂದುಕೊಳ್ಳಬೇಕು. ರಾತ್ರಿ, ಹೊರಾಂಗಣ, ಮಳೆ ಈ ಮೂರೂ ಒಂದೇ ಸೀನಿನ ತಲೆಬರಹದಲ್ಲಿ ಇದ್ದರೆ ಆ ಸೀನು ಅಷ್ಟು ಖರ್ಚಿಗೆ ಯೋಗ್ಯವೇ ಎಂದು ನಮ್ಮನ್ನು ನಾವೇ ಕೇಳಿಕೊಳ್ಳಬೇಕು.

ಕೆಲವು ಪದಗಳ ಬೆಲೆ ಬರೆಯುವಾಗ ಕಾಣುವುದಿಲ್ಲ. ‘ಎತ್ತಿನ ಗಾಡಿ ಹಾದುಹೋಗುತ್ತದೆ’ ಎಂದು ಬರೆಯುವುದು ಸುಲಭ. ಪ್ರಾಣಿಯನ್ನು ಬಳಸಿ ಚಿತ್ರೀಕರಿಸಲು ಭಾರತೀಯ ಪ್ರಾಣಿ ಕಲ್ಯಾಣ ಮಂಡಳಿಯಿಂದ ಮೊದಲೇ ಅನುಮತಿ ಬೇಕು, ಸೆನ್ಸಾರಿಗೆ ಹೋಗುವಾಗ ಅದೇ ಮಂಡಳಿಯ ನಿರಾಕ್ಷೇಪಣಾ ಪತ್ರ ಬೇಕು. ಪಾತ್ರಧಾರಿ ಬೀಡಿ ಹಚ್ಚಿದರೆ ಚಿತ್ರದ ಆರಂಭದಲ್ಲೂ ನಡುವೆಯೂ 30 ಸೆಕೆಂಡಿನ ಆರೋಗ್ಯ ಸಂದೇಶ, 20 ಸೆಕೆಂಡಿನ ದೃಶ್ಯ-ಶ್ರವ್ಯ ಎಚ್ಚರಿಕೆ ಹಾಕಬೇಕು, ಆ ದೃಶ್ಯ ಇರುವಷ್ಟು ಹೊತ್ತೂ ಪರದೆಯ ಕೆಳಗೆ ಎಚ್ಚರಿಕೆಯ ಸಾಲು ಇರಬೇಕು. ತಂದೆಯ ಸಾವಿನ ಭಾವುಕ ಸೀನಿನಲ್ಲಿ ಪಕ್ಕದಲ್ಲಿ ಯಾರೋ ಬೀಡಿ ಸೇದುತ್ತಿದ್ದರೆ ನೋಡುವವರ ಕಣ್ಣು ಆ ಸಾಲಿಗೇ ಹೋಗುತ್ತದೆ. ಕಥೆಗೆ ಅಗತ್ಯವಿದ್ದರೆ ಬರೆಯಿರಿ, ಬರೀ ಕೈಗೆ ಕೆಲಸ ಕೊಡಲು ಬೇಡ.

ಇನ್ನು ಕಥೆ ಹೇಳುವುದು. ಗಾಂಧಿನಗರದಲ್ಲಿ ಸ್ಕ್ರಿಪ್ಟನ್ನು ಓದುವವರಿಗಿಂತ ಕೇಳುವವರು ಜಾಸ್ತಿ. ನಿರ್ಮಾಪಕರಿಗೆ, ಹೀರೋಗೆ, ಹೀರೋ ಮನೆಯವರಿಗೆ ಹೇಳಿ ಒಪ್ಪಿಸಬೇಕು. ನಾವು ಮೂರು ಅಳತೆ ಇಟ್ಟುಕೊಳ್ಳುತ್ತೇವೆ: 10 ನಿಮಿಷದ್ದು, 45 ನಿಮಿಷದ್ದು, ಹಾಡು-ಫೈಟುಗಳ ಜಾಗವನ್ನೂ ಸೇರಿಸಿ ಎರಡೂವರೆ ಗಂಟೆಯದ್ದು. ಯಾವುದಕ್ಕೆ ಸಮಯ ಸಿಗುತ್ತದೆ ಎಂದು ಮೊದಲೇ ತಿಳಿಯದು. ‘ಇಲ್ಲಿ ಕಾಮಿಡಿ ಬರುತ್ತೆ ಸಾರ್, ತುಂಬಾ ಚೆನ್ನಾಗಿರುತ್ತೆ’ ಎನ್ನಬಾರದು. ಕಾಮಿಡಿ ಮಾಡಿ ತೋರಿಸಬೇಕು, ಇಲ್ಲವೇ ಆ ಸೀನು ಹೇಳದೆ ಮುಂದೆ ಹೋಗಬೇಕು. ಪಾತ್ರಗಳಿಗೆ ಹೆಸರು ಇಡದೆ ‘ಹೀರೋ, ಹೀರೋಯಿನ್’ ಎಂದು ಹೇಳಿದರೆ ಕೇಳುವವರ ಕಣ್ಣ ಮುಂದೆ ಯಾರೂ ಬರುವುದಿಲ್ಲ. ಜೊತೆಯಲ್ಲಿ ಒಬ್ಬ ಸಹಾಯಕರನ್ನು ಕರೆದುಕೊಂಡು ಹೋಗಿ, ಅವರ ಕೆಲಸ ಒಂದೇ: ಕೇಳುವವರು ಫೋನ್ ನೋಡಿದಾಗ, ಭಂಗಿ ಬದಲಿಸಿದಾಗ, ಕಾಫಿ ತರಿಸಿದಾಗ ಸೀನ್ ನಂಬರ್ ಗುರುತು ಹಾಕಿಕೊಳ್ಳುವುದು. ಎರಡು ಮೂರು ಕಡೆ ಹೇಳಿದ ಮೇಲೆ ಅದೇ ನಂಬರುಗಳು ಮತ್ತೆ ಮತ್ತೆ ಬಂದರೆ ರಿಪೇರಿ ಅಲ್ಲೇ ಆಗಬೇಕು. ‘ಕಥೆ ಚೆನ್ನಾಗಿದೆ, ಆದ್ರೆ ಏನೋ ಮಿಸ್ಸಿಂಗು’ ಎಂಬ ಅಭಿಪ್ರಾಯಕ್ಕಿಂತ ಈ ಗುರುತು ಹೆಚ್ಚು ಸತ್ಯ ಹೇಳುತ್ತದೆ.

ಕಥೆ ಹೇಳಲು ಹೊರಡುವ ಮೊದಲೇ ದಾಖಲೆ ಮಾಡಿಕೊಳ್ಳಬೇಕು. ಸಿನಿಮಾ ಮನೆಯ ಮಕ್ಕಳು ಸೋಲುವುದು ಇಲ್ಲೇ. ‘ಚಿಕ್ಕಪ್ಪನ ಬ್ಯಾನರ್ ತಾನೆ, ಅಗ್ರಿಮೆಂಟ್ ಕೇಳೋದು ಹೇಗೆ’ ಎಂಬ ಸಂಕೋಚದಲ್ಲಿ ವರ್ಷಗಟ್ಟಲೆ ಕೂಲಿಯಿಲ್ಲದೆ, ಹೆಸರಿಲ್ಲದೆ ಬರೆದವರು ನಮ್ಮ ಸುತ್ತ ಬೇಕಾದಷ್ಟಿದ್ದಾರೆ. ಸಂಬಂಧ ಉಳಿಯಬೇಕಾದರೆ ಕಾಗದ ಇರಲೇಬೇಕು. ಕೃತಿ ಬರೆದ ಕ್ಷಣದಿಂದಲೇ ಕೃತಿಸ್ವಾಮ್ಯ ನಮ್ಮದು, ನೋಂದಣಿ ಕಡ್ಡಾಯವಲ್ಲ. ಆದರೆ ತಕರಾರು ಬಂದಾಗ ದಿನಾಂಕಕ್ಕೆ ಸಾಕ್ಷಿ ಬೇಕು. ಮುಂಬೈನ ಸ್ಕ್ರೀನ್‌ರೈಟರ್ಸ್ ಅಸೋಸಿಯೇಷನ್‌ನಲ್ಲಿ ಸದಸ್ಯರಾದವರು ಆನ್‌ಲೈನಿನಲ್ಲೇ ಸ್ಕ್ರಿಪ್ಟ್ ನೋಂದಾಯಿಸಬಹುದು. ಕೇಂದ್ರ ಸರ್ಕಾರದ ಕಾಪಿರೈಟ್ ಕಚೇರಿಯಲ್ಲಿ ಸಾಹಿತ್ಯ ಕೃತಿಗೆ ಶುಲ್ಕ 500 ರೂಪಾಯಿ. ಅರ್ಜಿ ಹಾಕಿದೊಡನೆ ಡೈರಿ ನಂಬರ್ ಬರುತ್ತದೆ, ಆಕ್ಷೇಪಣೆಗೆ 30 ದಿನ ಕಾಯುತ್ತಾರೆ, ಆಮೇಲೆ ಪರಿಶೀಲನೆ. ಎರಡು ಸಾಲಿನ ಐಡಿಯಾಕ್ಕೆ ರಕ್ಷಣೆ ಇಲ್ಲ. ಸುಪ್ರೀಂ ಕೋರ್ಟ್ 1978ರಲ್ಲೇ ಇದನ್ನು ಸ್ಪಷ್ಟಪಡಿಸಿದೆ: ರಕ್ಷಣೆ ಇರುವುದು ಅದನ್ನು ಬೆಳೆಸಿ ಬರೆದ ರೂಪಕ್ಕೆ. ಆದ್ದರಿಂದ ಒನ್‌ಲೈನ್ ಒಂದನ್ನೇ ಅಲ್ಲದೆ ಟ್ರೀಟ್‌ಮೆಂಟನ್ನೂ (ಕಥೆಯನ್ನು ಬಿಡಿಸಿ ಬರೆದ ರೂಪ) ಸೇರಿಸಿ ನೋಂದಾಯಿಸಿ. ಟೈಟಲ್ ನೋಂದಣಿ ಬೇರೆ ಸಂಗತಿ. ಅದು ಕರ್ನಾಟಕ ಚಲನಚಿತ್ರ ವಾಣಿಜ್ಯ ಮಂಡಳಿಯಲ್ಲಿ ನಿರ್ಮಾಣ ಸಂಸ್ಥೆಯ ಕಡೆಯಿಂದ ಆಗುತ್ತದೆ, ಕಥೆಯ ಹಕ್ಕಿಗೂ ಅದಕ್ಕೂ ನಂಟಿಲ್ಲ.

ಅಗ್ರಿಮೆಂಟಿನಲ್ಲಿ ನೋಡಬೇಕಾದವು: ಹಕ್ಕು ಎಷ್ಟು ವರ್ಷಕ್ಕೆ, ಎಲ್ಲೆಲ್ಲಿಗೆ. ಅವಧಿ ಬರೆಯದಿದ್ದರೆ ಕಾನೂನಿನ ಪ್ರಕಾರ ಐದು ವರ್ಷ, ಪ್ರದೇಶ ಬರೆಯದಿದ್ದರೆ ಭಾರತ ಮಾತ್ರ. ರೀಮೇಕ್, ಡಬ್ಬಿಂಗ್, ವೆಬ್ ಸರಣಿಯ ಹಕ್ಕು ಬೇರೆ ಬೇರೆಯಾಗಿ ಹೆಸರಿಸಿರಬೇಕು. ಕೃತಿಸ್ವಾಮ್ಯ ಕಾಯ್ದೆಯ 2012ರ ತಿದ್ದುಪಡಿಯ ನಂತರ ಚಿತ್ರಮಂದಿರದ ಪ್ರದರ್ಶನ ಬಿಟ್ಟು ಬೇರೆ ಬಳಕೆಗಳಿಂದ ಬರುವ ರಾಯಧನದಲ್ಲಿ ಬರಹಗಾರರ ಪಾಲನ್ನು ಬಿಟ್ಟುಕೊಟ್ಟಂತೆ ಬರೆಸಿಕೊಳ್ಳಲು ಬರುವುದಿಲ್ಲ. ಹಣದ ಕಂತುಗಳಲ್ಲಿ ಕೊನೆಯದನ್ನು ‘ಬಿಡುಗಡೆಯ ನಂತರ’ ಎಂದು ಹಾಕಿದರೆ ಅದು ಬರುವ ಖಾತ್ರಿ ಕಡಿಮೆ. ಎಷ್ಟೋ ಚಿತ್ರಗಳು ಬಿಡುಗಡೆಯೇ ಆಗುವುದಿಲ್ಲ. ಅಡ್ವಾನ್ಸ್, ಡೈಲಾಗ್ ವರ್ಷನ್ ಕೊಟ್ಟ ದಿನ, ಮುಹೂರ್ತದ ದಿನ, ಡಬ್ಬಿಂಗ್ ಶುರುವಾಗುವ ಮೊದಲು ಎಂದು ನಾಲ್ಕು ಮಾಡಿಕೊಳ್ಳಿ. ಡಬ್ಬಿಂಗ್‌ಗೆ ನಾವು ಬೇಕೇ ಬೇಕು, ಆದ್ದರಿಂದ ಆ ಕಂತು ಬರುತ್ತದೆ.

ಸೆಟ್ಟಿನಲ್ಲಿ ಬರಹಗಾರರ ಕೆಲಸ ಕಮ್ಮಿ ಎಂದುಕೊಂಡವರಿದ್ದಾರೆ, ಹಾಗೇನಿಲ್ಲ. ಬೆಳಗ್ಗೆ ಸೀನ್ ಪೇಪರ್ ಹಂಚಿದ ಮೇಲೆ ನಟರು ಕೇಳುವ ಬದಲಾವಣೆ ಸಾಮಾನ್ಯವಾಗಿ ಎರಡು ಬಗೆ. ನಾಲಿಗೆಗೆ ಕಷ್ಟವಾದ ಪದ ಬದಲಿಸುವುದು ಒಂದು, ತಕ್ಷಣ ಬದಲಿಸಿಕೊಡಿ. ‘ನನ್ನ ಪಾತ್ರ ಹೀಗೆ ಹೇಳೋಲ್ಲ’ ಎಂಬುದು ಇನ್ನೊಂದು. ಅಲ್ಲಿ ಒಂದು ಸಾಲು ಬದಲಾದರೂ ಮುಂದಿನ ಹತ್ತು ಸೀನಿನಲ್ಲಿ ಅದಕ್ಕೆ ಕೊಂಡಿಯಿರುವ ಸಾಲು ಹುಡುಕಬೇಕು. ಸೀನ್‌ಗಳ ನಡುವೆ ಹೊಸದು ಸೇರಿದರೆ ನಂಬರ್ ಮುಂದಕ್ಕೆ ತಳ್ಳಬಾರದು, 47ಎ ಎಂದು ಬರೆಯಬೇಕು. ನಂಬರ್ ಬದಲಾದರೆ ಕ್ಲ್ಯಾಪ್ ಬೋರ್ಡು, ಕಂಟಿನ್ಯುಟಿ ಶೀಟು, ಎಡಿಟರ್‌ಗೆ ಹೋದ ಪಟ್ಟಿ ಮೂರೂ ಒಂದಕ್ಕೊಂದು ತಾಳೆಯಾಗವು. ಪ್ರತಿ ಪರಿಷ್ಕೃತ ಹಾಳೆಯ ಮೇಲೂ ತಾರೀಖು ಇರಲಿ, ಹಳೆಯ ಹಾಳೆ ವಾಪಸ್ ಪಡೆಯಿರಿ.

ಡಬ್ಬಿಂಗ್ ಥಿಯೇಟರ್ ಬರಹಗಾರರಿಗೆ ಸಿಗುವ ಕೊನೆಯ ಅವಕಾಶ, ನನಗೆ ಎಲ್ಲಕ್ಕಿಂತ ಇಷ್ಟದ ಹಂತವೂ ಹೌದು. ತುಟಿ ಮುಚ್ಚುವ ಅಕ್ಷರ ಪ, ಫ, ಬ, ಭ, ಮ. ಇವು ಕ್ಲೋಸಪ್ಪಿನಲ್ಲಿ ಎದ್ದು ಕಾಣುತ್ತವೆ. ಉಳಿದ ವ್ಯಂಜನಗಳು ಬಹುಪಾಲು ಬಾಯೊಳಗೆ ನಡೆಯುವುದರಿಂದ ಬದಲಿಸಿದರೂ ಕಣ್ಣಿಗೆ ಬೀಳುವುದು ಕಡಿಮೆ. ನಟರು ಸೆಟ್ಟಿನಲ್ಲಿ ‘ಬೇವರ್ಸಿ, ಬಾಯ್ ಮುಚ್ಚು’ ಎಂದಿದ್ದಾರೆ, ಬೈಗುಳ ತೆಗೆಯಬೇಕು ಎನ್ನಿ. ‘ಗೆಳೆಯ’ ಎಂದು ಹಾಕಿದರೆ ತುಟಿ ಮುಚ್ಚುವುದು ಕಾಣುತ್ತದೆ, ಶಬ್ದ ಬೇರೆ ಕೇಳುತ್ತದೆ. ‘ಮೇಧಾವಿ, ಬಾಯ್ ಮುಚ್ಚು’ ಎಂದರೆ ಕೂರುತ್ತದೆ: ಮೊದಲು ತುಟಿ ಸೇರುತ್ತದೆ, ಆಮೇಲೆ ಅದೇ ‘ಏ’ಕಾರ, ಕೊನೆಗೆ ಅದೇ ‘ಇ’ಕಾರ, ಉದ್ದವೂ ಸುಮಾರು ಅಷ್ಟೇ. ಮೂಲಕ್ಕಿಂತ ಮಾತು ಹರಿತವೂ ಆಯಿತು. ಕಥೆಗೆ ಬೇಕಾದ ಒಂದು ಮಾಹಿತಿ ಬಿಟ್ಟುಹೋಗಿದ್ದರೆ ಬೆನ್ನು ಕಾಣುವ ಶಾಟ್, ಸಜೆಷನ್ ಶಾಟ್ (ಒಬ್ಬರ ಭುಜದ ಹಿಂದಿನಿಂದ ಇನ್ನೊಬ್ಬರನ್ನು ತೋರಿಸುವುದು), ದೂರದ ಶಾಟ್ ಹುಡುಕಿ ಅಲ್ಲಿ ಸೇರಿಸಬಹುದು. ಅದಕ್ಕೇ ಎಡಿಟಿಂಗ್ ಮುಗಿದ ಚಿತ್ರವನ್ನು ಡಬ್ಬಿಂಗ್‌ಗೆ ಮೊದಲು ಒಮ್ಮೆ ಶಬ್ದವಿಲ್ಲದೆ ನೋಡಿ, ಮುಖ ಕಾಣದ ಜಾಗಗಳ ಪಟ್ಟಿ ಮಾಡಿಕೊಳ್ಳುತ್ತೇವೆ.

ಸೆನ್ಸಾರಿಗೆ ಕೊಡುವ ಸಂಭಾಷಣೆಯ ಪ್ರತಿ ಈ ಕೊನೆಯ ಆವೃತ್ತಿಗೆ ಅಕ್ಷರಶಃ ಹೊಂದಬೇಕು. ಶೂಟಿಂಗ್ ಸ್ಕ್ರಿಪ್ಟನ್ನೇ ಕಳಿಸಿದರೆ ವ್ಯತ್ಯಾಸಗಳು ಸಿಕ್ಕಿಬಿದ್ದು ಕೆಲಸ ನಿಲ್ಲುತ್ತದೆ. 2024ರ ನಿಯಮಗಳಿಂದ ಯುಎ ಪ್ರಮಾಣಪತ್ರದ ಒಳಗೇ 7+, 13+, 16+ ಎಂಬ ಮೂರು ವಿಭಾಗ ಬಂದಿವೆ. ವಯಸ್ಕರಿಗೆ ಮಾತ್ರ ಎಂಬ ಎ ಪತ್ರ ಬಂದ ಚಿತ್ರ ಹಾಗೆಯೇ ಟಿವಿಗೆ ಹೋಗದು. ಯಾವ ಪತ್ರದ ಗುರಿ ಎಂಬುದನ್ನು ನಿರ್ಮಾಪಕರ ಜೊತೆ ಡೈಲಾಗ್ ಬರೆಯುವ ಮೊದಲೇ ಮಾತಾಡಿಕೊಂಡಿದ್ದರೆ ಮ್ಯೂಟುಗಳ ಕಾಟ ತಪ್ಪುತ್ತದೆ.

ಟೈಟಲ್ ಕಾರ್ಡಿನ ಪಟ್ಟಿಯನ್ನು ಡಿಸಿಪಿ (ಥಿಯೇಟರ್‌ಗಳಿಗೆ ಹೋಗುವ ಡಿಜಿಟಲ್ ಪ್ರತಿ) ತೆಗೆಯುವುದಕ್ಕೆ ಮುಂಚೆ ಕೈಗೆ ತೆಗೆದುಕೊಂಡು ಓದಿ. ಕಥೆ, ಚಿತ್ರಕಥೆ, ಸಂಭಾಷಣೆ ಮೂರೂ ಬೇರೆ ಬೇರೆ ಗೌರವಗಳು. ಅಗ್ರಿಮೆಂಟಿನಲ್ಲಿ ಇದ್ದಂತೆಯೇ ಬಂದಿವೆಯೇ, ಚರ್ಚೆಯಲ್ಲಿ ಕೂತ ಸಹಾಯಕರ ಹೆಸರು ಬಿಟ್ಟುಹೋಗಿದೆಯೇ, ಒತ್ತಕ್ಷರ ಸರಿಯಿದೆಯೇ ನೋಡಿ. ಥಿಯೇಟರ್‌ಗಳಿಗೆ ಪ್ರತಿ ಹೋದ ಮೇಲೆ ಒಂದು ಹೆಸರು ತಿದ್ದಲು ಹೊಸ ಡಿಸಿಪಿಯನ್ನೇ ಮಾಡಬೇಕು, ಬಿಡುಗಡೆಯ ವಾರದಲ್ಲಿ ಯಾರೂ ಅದಕ್ಕೆ ಒಪ್ಪುವುದಿಲ್ಲ.